ಕ್ಲೆಮ್ ಯಾರಿಗೂ ತೋರಿಸದ ಕೊಳ

ಕ್ಲೆಮ್ ವಿಗ್ಗಿನ್ಸ್ ಸತ್ತು ಎಷ್ಟೋ ವರ್ಷಗಳಾದವು. ಆದರೂ ಅವನ ಬಗ್ಗೆ ನಾಲ್ಕು ಒಳ್ಳೆಯ ಮಾತಾಡು ಎಂದರೆ ನನಗೆ ಬಾಯಿ ಬರುವುದಿಲ್ಲ. ಅವನ ಮನೆ ನನ್ನ, ಅಂದರೆ ಈ ಎಲ್ವಾಳ, ಅಂಗಡಿಯ ಪಕ್ಕದಲ್ಲೇ ಇತ್ತು. ಬೆಳಿಗ್ಗೆ ಎದ್ದರೆ ಅವನ ಕೆಮ್ಮು, ಆಮೇಲೆ ಅವನ ಬುರುಡೆ. ಇವೆರಡನ್ನೂ ಕೇಳಿಕೊಂಡೇ ನಾನು ಮುದುಕಿಯಾದೆ.

ನಮ್ಮ ಟಾಸ್ಮೇನಿಯಾದ ಈ ಬೆಟ್ಟದ ಮೇಲೆ ಕೆರೆಗಳಿಗೆ ಬರವಿಲ್ಲ. ಕಾಲಿಟ್ಟಲ್ಲಿ ನೀರು. ಆದರೆ ಪಟ್ಟಣದಿಂದ ಬರುವವರಿಗೆ ನಕ್ಷೆಯಲ್ಲಿರುವ ಕೆರೆ ಸಾಲದು. ಕಾರಿಳಿದು ನನ್ನ ಅಂಗಡಿಗೆ ಬಂದು ಅವರು ಕೇಳುತ್ತಿದ್ದದ್ದು ಒಂದೇ ಮಾತು.

"ಯಾರಿಗೂ ಗೊತ್ತಿಲ್ಲದ ಜಾಗ ಏನಾದ್ರೂ ಇದೆಯೇನಮ್ಮ ಇಲ್ಲಿ?"

ಯಾರಿಗೂ ಗೊತ್ತಿಲ್ಲದ ಜಾಗ ನನಗೆ ಹೇಗೆ ಗೊತ್ತಿರುತ್ತದೆ ಎಂಬಷ್ಟೂ ತಲೆ ಓಡದ ಜನ. ಇಂಥವರಿಗೆಂದೇ ಹುಟ್ಟಿದವನು ಕ್ಲೆಮ್. ಅಣೆಕಟ್ಟಿನ ಕಾಲುವೆ ಕೆಲಸದಿಂದ ನಿವೃತ್ತನಾದ ಮೇಲೆ, ತಗಡಿನ ಮನೆಯ ಮುಂದೆ 'ಗುಪ್ತ ತಾಣಗಳು, ದಾರಿ ತೋರಿಸಲಾಗುವುದು' ಎಂದು ಬೋರ್ಡು ನೇತುಹಾಕಿಕೊಂಡ. ಅವನು ತೋರಿಸುತ್ತಿದ್ದದ್ದು ಏನನ್ನು? ಕುರಿ ಕಾಯುವವರು ಬಿಟ್ಟುಹೋದ ಗುಡಿಸಲಿನ ಮುರುಕು ಚಿಮಣಿ. ಅದಕ್ಕೆ 'ದರೋಡೆಕೋರನ ಅಡುಗೆಮನೆ' ಎಂದು ಹೆಸರು. ರಸ್ತೆ ಮಾಡುವಾಗ ಜಲ್ಲಿ ತೆಗೆದ ಗುಂಡಿಯಲ್ಲಿ ನಿಂತ ನೀರು 'ವಿಧವೆಯ ಕನ್ನಡಿ'. ಒಂದು ಬಂಡೆ 'ಬಿಷಪ್ಪನ ಕುರ್ಚಿ'. ನೇರ ಹೋದರೆ ಹತ್ತು ಹೆಜ್ಜೆಯ ಜಾಗಕ್ಕೆ ಪೊದೆಗಳಲ್ಲಿ ನುಗ್ಗಿಸಿ, ಕೆಸರಲ್ಲಿ ಮುಳುಗಿಸಿ, ಅರ್ಧ ದಿನ ಸುತ್ತಿಸುತ್ತಿದ್ದ. ಕೊನೆಗೆ ಎದೆಯ ಮೇಲೆ ಕೈಯಿಡಿಸಿ, ಯಾರಿಗೂ ಹೇಳುವುದಿಲ್ಲವೆಂದು ಆಣೆ ಹಾಕಿಸುತ್ತಿದ್ದ. ಅವರೂ ಕಣ್ಣಲ್ಲಿ ನೀರು ತಂದುಕೊಂಡು ಆಣೆ ಹಾಕುತ್ತಿದ್ದರು, ಮುಂದಿನ ವಾರ ತಮ್ಮ ನೆಂಟರನ್ನು ಕಳಿಸುತ್ತಿದ್ದರು.

"ನಾಚಿಕೆ ಆಗಲ್ವೇನೋ ನಿನಗೆ?" ಎಂದು ನಾನೊಮ್ಮೆ ಕೇಳಿದೆ.

"ಅವರಿಗೆ ಬೇಕಾಗಿರೋದು ಕೆರೆ ಅಲ್ಲ ಕಣೇ ಎಲ್ವಾ, ಊರಿಗೆ ಹೋಗಿ ಕೊಚ್ಚಿಕೊಳ್ಳೋಕೆ ಒಂದು ಕತೆ. ಅದನ್ನ ಕೊಡ್ತೀನಿ. ನಿಜವಾದ ಜಾಗ ತೋರಿಸಿದ್ರೆ ವರ್ಷದೊಳಗೆ ಅಲ್ಲಿ ಖಾಲಿ ಡಬ್ಬ ಬಿದ್ದಿರ್ತವೆ."

ನಿಜವಾದ ಜಾಗಗಳು ಅವನಿಗೆ ಗೊತ್ತಿದ್ದವು, ಅದನ್ನು ಒಪ್ಪಿಕೊಳ್ಳಬೇಕು. ಅವನ ಚೀಲದಿಂದ ಹೊರಬರುತ್ತಿದ್ದ ಟ್ರೌಟ್ ಮೀನುಗಳನ್ನು ನೋಡಿ ಊರಿನ ಗಂಡಸರ ಹೊಟ್ಟೆ ಉರಿಯುತ್ತಿತ್ತು.

ಇನ್ನು ಆ ಗಂಡಸರ ವಿಷಯ. ಮೀನು ಎಲ್ಲಿ ಸಿಕ್ಕಿತು, ಎಲ್ಲಿಗೆ ಹೊರಟೆ ಎಂದು ಕೇಳಿದರೆ ಇಲ್ಲಿ ಸುಳ್ಳನ್ನೇ ಹೇಳಬೇಕು. ಅದು ಮರ್ಯಾದೆ. ನಿಜ ಹೇಳಿದವನನ್ನು ದಡ್ಡ ಎನ್ನುತ್ತಾರೆ. ಹೆಂಡಂದಿರಿಗೂ ಅದೇ ಕಟ್ಟಳೆ. ಗಂಡ ಪೂರ್ವಕ್ಕೆ ಹೋಗಿದ್ದರೆ ಅವಳು ಪಶ್ಚಿಮ ಎನ್ನಬೇಕು. ಕೇಳಿದವನು ತಲೆಯಾಡಿಸಿ, ಮನಸ್ಸಿನಲ್ಲಿ ಪಶ್ಚಿಮವನ್ನು ಹೊಡೆದುಹಾಕಬೇಕು. ಗಡ್ಡ ನೆರೆತ ಗಂಡಸರು ಕಣ್ಣಾಮುಚ್ಚಾಲೆಯ ಮಕ್ಕಳ ಹಾಗೆ ಆಡುವುದನ್ನು ನೋಡಿ ನನಗೆ ಹೇಸಿಗೆಯಾಗುತ್ತಿತ್ತು. ನಾನು ವಿಧವೆ, ಮೀನು ಹಿಡಿಯುವುದಿಲ್ಲ. ಆದ್ದರಿಂದ ನನ್ನ ಅಭಿಪ್ರಾಯವನ್ನು ಯಾರೂ ಕೇಳಲಿಲ್ಲ.

ಕ್ಲೆಮ್‌ನ ಹೆಂಡತಿ ಥೋರಾ ಈ ಆಟದಲ್ಲಿ ಎಲ್ಲರನ್ನೂ ಮೀರಿಸಿದವಳು. ಮಾತು ಕಡಿಮೆ, ಕೈಯಲ್ಲಿ ಸದಾ ಹೆಣಿಗೆ. ಬೇಟೆಗಾರನಂತೆ ಹೊಂಚುಹಾಕಿ ಮರ್ವ್ ಡಾಬ್ಸನ್ ಬೇಲಿಯ ಹತ್ತಿರ ನಿಂತು ಕೇಳುತ್ತಿದ್ದ. ಮೀನು ಸಂಘದ ಅಧ್ಯಕ್ಷನಂತೆ ಅವನು. ಐದಾರು ಜನರ ಸಂಘಕ್ಕೂ ಒಬ್ಬ ಅಧ್ಯಕ್ಷ.

"ಏನಮ್ಮ ಥೋರಾ, ಯಜಮಾನ್ರು ಎಲ್ಲಿಗೆ ಹೋದ್ರು?"

"ಜೊಂಡು ಕೆರೆಗೆ," ಎನ್ನುತ್ತಿದ್ದಳು ಅವಳು, ಹೆಣಿಗೆಯಿಂದ ತಲೆ ಎತ್ತದೆ.

"ನಿನಗಾದ್ರೂ ನಿಜ ಹೇಳ್ತಾನೇನು ಅವನು? ಬಿಷಪ್ಪನ ಕುರ್ಚಿ ಮೇಲೆ ಯಾವ ಹುಡುಗೀನ ಕೂರಿಸಿದಾನೋ ಏನೋ."

ಗಂಡಸರು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಥೋರಾ ಹೆಣಿಗೆಯ ಮನೆಗಳನ್ನು ಎಣಿಸುತ್ತಾ ಕೂತಿರುತ್ತಿದ್ದಳು. ಸುಳ್ಳನನ್ನು ಕಟ್ಟಿಕೊಂಡ ಪೆದ್ದಿ ಎಂದೇ ನಾನೂ ಅಂದುಕೊಂಡಿದ್ದೆ.

ಆ ಏಪ್ರಿಲ್‌ನಲ್ಲಿ ಚಳಿ ಬೇಗ ಬಂತು. ಒಂದು ಬೆಳಿಗ್ಗೆ ನನ್ನ ಅಂಗಡಿಯ ಒಲೆಯ ಸುತ್ತ ಮರ್ವ್ ಮತ್ತವನ ಪಟಾಲಂ ಚಹಾ ಹೀರುತ್ತಾ ಕೂತಿತ್ತು. ಹೊರಗೆ ಮಂಜು ಕವಿದು ರಸ್ತೆಯೂ ಕಾಣುತ್ತಿರಲಿಲ್ಲ. ಥೋರಾ ಬಾಗಿಲು ತೆಗೆದು ಒಳಗೆ ಬಂದಳು. ಕೋಟಿನ ಗುಂಡಿಗಳು ಅಡ್ಡಾದಿಡ್ಡಿ, ಕೈಯಲ್ಲಿ ಹೆಣಿಗೆಯಿಲ್ಲ.

"ಕ್ಲೆಮ್ ನಿನ್ನೆ ಹೋದವನು ರಾತ್ರಿ ಬರಲಿಲ್ಲ," ಎಂದಳು. "ಕಲ್ಲುರಾಶಿ ಹತ್ತಿದ ಮೇಲೆ ಎಡಕ್ಕೆ ಪೈನ್ ಮರಗಳ ಸಾಲು ಸಿಗುತ್ತೆ. ಅದರ ಹಿಂದೆ ಒಂದು ಕೊಳ ಇದೆ, ನಕ್ಷೆಯಲ್ಲಿಲ್ಲ. ಅಲ್ಲಿಗೆ ಹೋಗಿದಾನೆ. ಅವನ ಎದೆ ಸರಿಯಿಲ್ಲ. ಬೇಗ ಹೋಗ್ರಪ್ಪ."

ಆರು ಗಂಡಸರ ಮುಂದೆ ಒಬ್ಬಳು ಹೆಂಡತಿ ಕೊಳದ ದಾರಿಯನ್ನು ಬಿಡಿಸಿ ಹೇಳಿದ್ದನ್ನು ಈ ಊರು ಅಲ್ಲಿಯವರೆಗೆ ಕಂಡಿರಲಿಲ್ಲ. ಮರ್ವ್ ಲೋಟ ಕೆಳಗಿಟ್ಟು, ಉಳಿದವರ ಮುಖ ನೋಡಿ, ಥೋರಾಳ ಹೆಗಲು ತಟ್ಟಿದ.

"ಅರ್ಥ ಆಯ್ತಮ್ಮ. ನೀನು ಮನೆಗೆ ಹೋಗಿ ಒಲೆ ಹಚ್ಚು. ನಾವು ಕರ್ಕೊಂಡು ಬರ್ತೀವಿ."

ಅವಳು ಆ ಮಾತನ್ನು ನಂಬಿಕೊಂಡು ಮನೆಗೆ ಹೋದಳು. ನಾನೂ ನಂಬಿದೆ. ಹಗ್ಗ, ದೀಪ, ಬ್ರಾಂದಿ ಎಲ್ಲ ಕಟ್ಟಿಕೊಂಡು ಎರಡು ಟ್ರಕ್ಕುಗಳು ಮಂಜಿನೊಳಗೆ ಹೋದವು.

ಮಧ್ಯಾಹ್ನ ಮರ್ವ್ ಒಬ್ಬನೇ ಡೀಸೆಲ್ ತುಂಬಿಸಲು ವಾಪಸು ಬಂದ. ಮೊಣಕಾಲಿನವರೆಗೆ ಕಪ್ಪು ಕೆಸರು. ಕಲ್ಲುರಾಶಿಯ ಮೇಲೆ ಅಂಥ ಕೆಸರಿಲ್ಲ.

"ಎಲ್ಲಿ ಹುಡುಕ್ತಿದೀರೋ ನೀವು?" ಎಂದೆ.

"ಜೊಂಡು ಕೆರೆ ಸುತ್ತ. ಇನ್ನೂ ಸುಳಿವಿಲ್ಲ."

"ಅವಳು ಹೇಳಿದ್ದು ಕಲ್ಲುರಾಶಿ."

ಮರ್ವ್ ನನ್ನ ಕಡೆ ಕನಿಕರದಿಂದ ನೋಡಿದ. "ನಿನಗೆ ಗೊತ್ತಾಗಲ್ಲ ಬಿಡು ಎಲ್ವಾ. ಥೋರಾ ಗಟ್ಟಿ ಹೆಂಗಸು. ಗಂಡನ ಜಾಗ ಬಿಟ್ಟುಕೊಡ್ತಾಳಾ? ಕಲ್ಲುರಾಶಿ ಅಂದ್ರೆ ಅದೊಂದು ಬಿಟ್ಟು ಬೇರೆ ಕಡೆ ಹುಡುಕಿ ಅಂತ. ಅಷ್ಟೂ ಅರ್ಥ ಆಗದಿರೋಕೆ ನಾವೇನು ಪಟ್ಟಣದವರಾ?"

ನನ್ನ ಬಾಯಿಂದ ಬಂದ ಬೈಗುಳವನ್ನು ಇಲ್ಲಿ ಬರೆಯುವಂತಿಲ್ಲ. ಅವನನ್ನು ಜೊಂಡು ಕೆರೆಗೆ ಓಡಿಸಿ, ಉಳಿದವರನ್ನು ಕರೆದುಕೊಂಡು ಕಲ್ಲುರಾಶಿಗೆ ಬರಲು ಹೇಳಿ, ಅಂಗಡಿಗೆ ಬೀಗ ಜಡಿದೆ. ಥೋರಾಳನ್ನು ನನ್ನ ಹಳೇ ಗಾಡಿಗೆ ಹತ್ತಿಸಿಕೊಂಡು ಹೊರಟೆ. ಗಾಡಿ ಹೋಗುವಷ್ಟು ಹೋಯಿತು, ಆಮೇಲೆ ಇಬ್ಬರು ಮುದುಕಿಯರು ಆ ಜಾರುಕಲ್ಲುಗಳ ಮೇಲೆ ನಾಲ್ಕು ಕಾಲಿನಲ್ಲಿ ಹತ್ತಿದೆವು. ಗಟ್ಟಿ ಕಾಲಿನ ಗಂಡಸರು ಬೆಳಗಿನ ಚಹಾ ಜೀರ್ಣವಾಗುವುದರೊಳಗೆ ಹತ್ತುವ ದಾರಿ. ನಾನು ಕೂತಲ್ಲೆಲ್ಲ ಥೋರಾ ನಿಂತು ಕಾಯುತ್ತಿದ್ದಳು, ನನ್ನನ್ನು ಬಿಟ್ಟು ಹೋಗು ಎಂದರೂ ಕೇಳಲಿಲ್ಲ. "ನೀನೂ ಕಳೆದುಹೋದ್ರೆ ಹುಡುಕೋರು ಯಾರಿದಾರೆ," ಎಂದಳು.

ಒಂದು ಸಲ ನಿಂತಾಗ ನಾನು ಕೇಳಿದೆ. "ಈ ಕೊಳದ ವಿಷಯ ಅವನು ನಿಜಾನೇ ಹೇಳಿದಾನೆ ಅಂತ ನಿನಗೆ ಹೇಗೆ ಗೊತ್ತು?"

"ನನಗೆ ಅವನು ಯಾವತ್ತೂ ನಿಜಾನೇ ಹೇಳ್ತಿದ್ದ. ಹೊರಡೋ ಮುಂಚೆ ದಾರಿ ಪೂರ್ತಿ ಹೇಳೋನು, ಬಂದ ಮೇಲೆ ಅಲ್ಲಿ ಏನೇನಿತ್ತು ಅಂತ ಹೇಳೋನು. ಊರಿನವರಿಗೆ ಸುಳ್ಳು ಹೇಳೋ ಕೆಲಸ ನಂದು."

ಪೈನ್ ಸಾಲಿನ ಹಿಂದೆ ಕೊಳ ಇತ್ತು. ಚೆಂದವಿತ್ತೋ ಇಲ್ಲವೋ ನನಗೆ ನೆನಪಿಲ್ಲ. ಕ್ಲೆಮ್ ಒಂದು ಮರದ ಬುಡಕ್ಕೆ ಒರಗಿ ಕೂತಿದ್ದ, ಒಂದು ಕಾಲು ತಿರುಗಬಾರದ ಕಡೆಗೆ ತಿರುಗಿತ್ತು. ಕೈ ನಿಲುಕುವಷ್ಟು ದೂರದ ಕಡ್ಡಿಗಳನ್ನೆಲ್ಲ ಎಳೆದುಕೊಂಡು ಬೆಂಕಿ ಮಾಡಿಕೊಂಡಿದ್ದ. ನಿಲುಕದ ಕಡ್ಡಿಗಳು ಸ್ವಲ್ಪ ಆಚೆ ಹಾಗೇ ಬಿದ್ದಿದ್ದವು. ಥೋರಾ ಅವನ ಕೆನ್ನೆ ಮುಟ್ಟಿದಳು, ಆಮೇಲೆ ಬಗ್ಗಿ ಬೂದಿಯಲ್ಲಿ ಕೈಯಿಟ್ಟಳು.

"ಇನ್ನೂ ಬೆಚ್ಚಗಿದೆ, ಎಲ್ವಾ," ಎಂದಳು. ಕೈಯನ್ನು ಅಲ್ಲಿಂದ ತೆಗೆಯಲೇ ಇಲ್ಲ. ಗಂಡಸರು ಲಾಂದ್ರ ಹಿಡಿದು ಬರುವವರೆಗೂ ಹಾಗೇ ಕೂತಿದ್ದಳು.

ಮಣ್ಣಾದ ಮೇಲೆ ಊರಿನ ಹಾಲ್‌ನಲ್ಲಿ ಚಹಾ, ಕುರಿಮಾಂಸದ ಪೈ, ಕೇಕು. ಬದುಕಿದ್ದಾಗ ಅವನನ್ನು ಆಡಿಕೊಂಡವರೆಲ್ಲ ಕರಿ ಟೈ ಕಟ್ಟಿಕೊಂಡು ಬಂದು, ಅವನಂಥ ಮೀನುಗಾರ ಇನ್ನು ಹುಟ್ಟುವುದಿಲ್ಲ ಎಂದು ಬಾಯಿತುಂಬ ಪೈ ಇಟ್ಟುಕೊಂಡು ಹೊಗಳಿದರು. ಮರ್ವ್ ಟೋಪಿಯನ್ನು ಕೈಯಲ್ಲಿ ತಿರುಗಿಸುತ್ತಾ ಥೋರಾಳ ಹತ್ತಿರ ಬಂದ. ಪಕ್ಕದಲ್ಲಿ ಅವನ ಹೆಂಡತಿ ನೋರ್ಮಾ ಕೇಕಿನ ತಟ್ಟೆ ಹಿಡಿದು ನಿಂತಿದ್ದಳು.

"ಬೇಜಾರು ಮಾಡ್ಕೋಬೇಡಮ್ಮ," ಎಂದ. "ನೀನು ಎಂದಿನ ಹಾಗೆ ಜೊಂಡು ಕೆರೆ ಅಂತ ಅಂದಿದ್ರೆ ಸಾಕಾಗಿತ್ತು. ನಾವು ಜೊಂಡು ಕೆರೆ ಬಿಟ್ಟು ನೇರ ಕಲ್ಲುರಾಶಿ ಹತ್ತುತ್ತಿದ್ವಿ."

ಅದನ್ನು ಅವನು ಮನಸಾರೆ, ದುಃಖದಿಂದಲೇ ಹೇಳಿದ. ಅದೇ ನನ್ನ ಮೈ ಉರಿಸಿದ್ದು. ಹಿಂದೆ ನಿಂತವರು ಹೌದು ಹೌದು ಎಂದು ತಲೆಯಾಡಿಸಿದರು. ತಪ್ಪು ಹೆಂಗಸಿನದೆಂದು ತೀರ್ಮಾನವಾಗಿಹೋಯಿತು.

ಥೋರಾ ಕಪ್ಪನ್ನು ಮೇಜಿನ ಮೇಲಿಟ್ಟಳು. "ಮರ್ವ್, ನಾಳೆ ನೀನು ಕಾಣೆಯಾದ್ರೆ ನೋರ್ಮಾ ಏನು ಹೇಳಬೇಕು?"

ನೋರ್ಮಾ ಗಂಡನ ಮುಖವನ್ನೇ ನೋಡುತ್ತಿದ್ದಳು. ಅವಳು ಹಾಗೆ ನೋಡಿದ್ದನ್ನು ನಾನು ಮೊದಲು ಕಂಡಿರಲಿಲ್ಲ.

"ನನಗೂ ಗೊತ್ತಾಗಬೇಕು ಕಣ್ರೀ," ಎಂದಳು ಮೆಲ್ಲಗೆ. "ಮೊನ್ನೆ ಶನಿವಾರ ಇಡೀ ದಿನ ಎಲ್ಲಿಗೆ ಹೋಗಿದ್ರಿ?"

ಮರ್ವ್ ಹೆಂಡತಿಯನ್ನು ನೋಡಿದ, ಥೋರಾಳನ್ನು ನೋಡಿದ. ಆಮೇಲೆ ತನ್ನ ಹಿಂದೆ ಕಿವಿ ನಿಮಿರಿಸಿ ನಿಂತಿದ್ದ ಐದು ಜನರನ್ನು ನೋಡಿದ.

"ಜೊಂಡು ಕೆರೆಗೆ," ಎಂದ.

ನೋರ್ಮಾ ಸರಿ ಎನ್ನುವಂತೆ ತಲೆಯಾಡಿಸಿ, ಕೇಕಿನ ತಟ್ಟೆಯನ್ನು ಅವನ ಕೈಗೆ ಕೊಟ್ಟು, ಬಂದು ಥೋರಾಳ ಪಕ್ಕದಲ್ಲಿ ಕೂತಳು.