ಮರುದನಿಯ ಮೇಡಂ

ನಮ್ಮ ಮೇಡಂ ಅವರ ಅಂಗೈಗಳು ಸದಾ ಕೆಂಪಗಿರುತ್ತಿದ್ದವು. ಮದರಂಗಿಯಲ್ಲ, ಚಪ್ಪಾಳೆಯ ಕೆಂಪು. ಯಾರದೇ ಮನೆಗೆ ಹೋಗಲಿ, ಹಾಳುಬಿದ್ದ ಗುಮ್ಮಟದೊಳಗೆ ಕಾಲಿಡಲಿ, ಮೊದಲು ಜೋರಾಗಿ ಒಂದು ಚಪ್ಪಾಳೆ ತಟ್ಟಿ, ಕತ್ತು ಓರೆ ಮಾಡಿ ನಿಂತುಬಿಡುತ್ತಿದ್ದರು. ಸದ್ದು ಗೋಡೆಗೆ ಬಡಿದು ತಿರುಗಿ ಬಂದು ಪೂರಾ ಅಡಗುವ ತನಕ ಯಾರ ಮಾತಿಗೂ ಉತ್ತರವಿಲ್ಲ. ಚೀಲದಲ್ಲಿ ಬಲೂನುಗಳೂ ಇರುತ್ತಿದ್ದವು. ದೊಡ್ಡ ಕಟ್ಟಡಗಳಲ್ಲಿ ಚಪ್ಪಾಳೆ ಸಾಲದು, ಬಲೂನು ಒಡೆಯಬೇಕು. ಒಮ್ಮೆ ಕೋಟೆಯ ಗೋಡೆ ಅಳೆಯಲು ಹೊರಟಾಗ ಆಟೋದವನು ಅವನ್ನು ನೋಡಿ, “ಯಾರ ಬರ್ತಡೇ ಅದ್ರೀ ಮೇಡಂ?” ಎಂದು ಕೇಳಿದ. “ಕ್ವಾಟೀ ಗ್ವಾಡೀದಪ್ಪಾ” ಎಂದು ನಗದೆ ಹೇಳಿದರು.

ಕಲಬುರಗಿಯಲ್ಲಿ ಶರಣಬಸವೇಶ್ವರ ಗುಡಿಯ ಕಡೆ ಹೋಗುವ ದಾರಿಯಲ್ಲಿ, ಹಳೆಯ ಕಟ್ಟಡವೊಂದರ ಮಹಡಿಯ ಎರಡು ಕೋಣೆಗಳೇ ನಮ್ಮ ಪ್ರಯೋಗಾಲಯ. ಸಣ್ಣ ಟ್ರಸ್ಟೊಂದು ಅದನ್ನು ನಡೆಸುತ್ತಿತ್ತು. ಹಳೆಯ ಕಟ್ಟಡ, ಬಾವಿಗಳ ಮರುದನಿಯನ್ನು ಅಳೆದು, ಅವು ಒಂದು ಕಾಲದಲ್ಲಿ ಏನನ್ನು ಕೇಳಿಸಿಕೊಂಡಿದ್ದವೋ ಅದನ್ನು ಕಂಪ್ಯೂಟರಿನಲ್ಲಿ ಮತ್ತೆ ಕಟ್ಟುವುದು ನಮ್ಮ ಕೆಲಸ. ಕಾಲೇಜಿನಲ್ಲಿ ಭೌತಶಾಸ್ತ್ರ ಕಲಿಸಿ ನಿವೃತ್ತರಾಗಿದ್ದ ಮೇಡಂ ಮುಖ್ಯಸ್ಥರು, ಎಂ.ಎಸ್ಸಿ. ಮುಗಿಸಿ ದಿನಾ ಕಮಲಾಪುರದಿಂದ ಬಸ್ಸಿನಲ್ಲಿ ಬರುತ್ತಿದ್ದ ನಾನು ಸಹಾಯಕಿ. ಕೆಂಡದಂಥ ಬೇಸಿಗೆಯಲ್ಲೂ, “ಫ್ಯಾನ್ ಬಂದ್ ಮಾಡವ್ವಾ, ಏನೂ ಕೇಳಸವಲ್ದು” ಎನ್ನುತ್ತಿದ್ದರು. ಬೆವರು ಒರೆಸಿಕೊಳ್ಳುತ್ತಲೇ ನಾನು ಆ ಕೆಲಸ ಕಲಿತೆ.

ಮೇಡಂ ಅವರೂ ಮೂಲತಃ ಕಮಲಾಪುರದವರೇ, ಹೊಲಮನೆ ಇದ್ದ ದೊಡ್ಡ ಮನೆತನದವರು. ನಾವು ಬೌದ್ಧರಾದ ದಲಿತರು, ಕೂಲಿ ಮಾಡಿ ಬದುಕಿದ ಓಣಿಯವರು. ಒಂದು ಮಧ್ಯಾಹ್ನ ಚಹಾ ಕುಡಿಯುತ್ತ ಅವರು ತಮ್ಮ ಬಾಲ್ಯದ ಒಂದು ಮಾತು ಹೇಳಿದರು.

“ನಾ ಸಣ್ಣಾಕಿ ಇದ್ದಾಗ ಹೊಲದ ಮನ್ಯಾಗ ಮಧ್ಯಾಹ್ನ ಮಲಗಿರ್ತಿದ್ದೆ. ನಮ್ಮ ಪಾವಟಿಗಿ ಬಾವಿ ಕಡಿಂದ ಒಂದು ಹಾಡು ಬರ್ತಿತ್ತು. ಮಾತು ತಿಳೀತಿದ್ದಿಲ್ಲ, ಬರೇ ರಾಗ. ಅದನ್ನ ಕೇಳಕೋತ ನಿದ್ದಿ ಹತ್ತತಿತ್ತು. ಅದು ಯಾವ ಹಾಡಂತ ಇನ್ನೂ ಹುಡಕಾಕತ್ತೀನಿ ನೋಡು.”

ಮೆಟ್ಟಿಲಿಳಿದು ಹೋಗುವ ಅಂಥ ಪಾವಟಿಗೆ ಬಾವಿಯ ಮರುದನಿಯಲ್ಲಿ ಮಾತು ಕರಗಿಹೋಗಿ ರಾಗವಷ್ಟೇ ಉಳಿಯುತ್ತದೆ ಎಂದು ಚಿತ್ರ ಬರೆದು ವಿವರಿಸಿದರು. ಆ ಹಾಡಿಗಾಗಿಯೇ ಅವರು ಈ ವಿದ್ಯೆಗೆ ಬಿದ್ದದ್ದು. ಟ್ರಸ್ಟು ಊರಿನ ಜನರಿಗಾಗಿ ಒಂದು ಆಲಿಸುವ ಕಾರ್ಯಕ್ರಮ ಇಟ್ಟುಕೊಂಡಾಗ, ಆ ಬಾವಿಯಲ್ಲಿ ವಯಸ್ಸಾದ ಹೆಂಗಸರಿಂದ ಹಾಡಿಸಿ ರೆಕಾರ್ಡ್ ಮಾಡೋಣ ಎಂದರು. ನಾನು ಉತ್ಸಾಹದಿಂದ, “ನಮ್ಮ ಆಯಿಗಿ ಬೀಸೂ ಹಾಡು ಬರ್ತಾವ್ರಿ” ಎಂದೆ. ಆಯಿ ಎಂದರೆ ನನ್ನ ತಂದೆಯ ತಾಯಿ. ಯಾವ ಬಾವಿ ಎಂದು ಎರಡೆರಡು ಸಲ ಕೇಳಿ ಆಕೆ ಬರುತ್ತೇನೆಂದಳು.

ರೆಕಾರ್ಡಿಂಗಿನ ದಿನ ಮೇಡಂ ಮೈಕಿನ ಜೊತೆ ಬಾವಿಯ ತಳದ ಮೆಟ್ಟಿಲಲ್ಲಿ ಕುಳಿತು ಹೆಡ್‌ಫೋನ್ ಹಾಕಿಕೊಂಡರು. ನಾನು ವೈರು ಹಿಡಿದು ಮೇಲೆ ಆಯಿಯ ಪಕ್ಕದಲ್ಲಿ ನಿಂತಿದ್ದೆ.

“ಕೆಳಗ ಬರ್ರಿ, ಹೆದರಬ್ಯಾಡ್ರಿ,” ಮೇಡಂ ಕರೆದರು.

“ನಾ ಇಳಿಯಂಗಿಲ್ರಿ. ನಾವು ಇಲ್ಲೇ ನಿಂತು ಕೂಗತಿದ್ವಿ.”

“ಆಗಲಿ, ಅಲ್ಲಿಂದಾನೇ ಹಾಡ್ರಿ.”

ಆಯಿ ಸೆರಗು ಬಿಗಿದು, ಬಗ್ಗಿ, ಬಾಯಿಗೆ ಎರಡೂ ಕೈ ಹಿಡಿದಳು. ಬಂದದ್ದು ಬೀಸುವ ಹಾಡಲ್ಲ.

“ಒಂದ್ ಕೊಡಾ ನೀರ ನೀಡ್ರೇ ಯವ್ವಾ…”

ಆ ‘ಯವ್ವಾ’ ಬಾವಿಯೊಳಗೆ ಸುತ್ತಿ ಸುತ್ತಿ ಮೇಲೆ ಬಂತು. ಆಯಿ ಮತ್ತೆ ಕೂಗಿದಳು. ಕೆಳಗೆ ಮೇಡಂ ಹೆಡ್‌ಫೋನ್ ಕಿತ್ತು ಎದ್ದು ನಿಂತಿದ್ದರು. ಗೋಡೆ ಹಿಡಿದುಕೊಂಡು ಒಂದೊಂದೇ ಮೆಟ್ಟಿಲು ಹತ್ತಿ ಬಂದು ಆಯಿಯ ಮುಂದೆ ಕುಳಿತರು.

“ಇದ… ಇದ ಆ ರಾಗ. ನಾ ಇದನ್ನ ಹಾಡಂತ ತಿಳಕೊಂಡಿದ್ದೆ.”

“ಹಾಡಲ್ರೀ ಯವ್ವಾ. ನೀರಡಿಕಿ,” ಎಂದಳು ಆಯಿ. “ನಮಗ ಇಳೀಲಿಕ್ಕ ಬಿಡ್ತಿದ್ದಿಲ್ಲ. ಯಾರರೆ ನಮ್ಮ ಕೊಡಕ್ಕ ಮ್ಯಾಲಿಂದ ಸುರದ್ರ ಉಂಟು, ಇಲ್ಲಂದ್ರ ಇಲ್ಲ. ಒಮ್ಮೊಮ್ಮಿ ಹೊತ್ತು ಇಳಿಯೂ ತನಕ ಕೂಗತಿದ್ವಿ.”

ಮೇಡಂ ಮರುದಿನ ನಮ್ಮ ಮನೆಗೆ ಬಂದರು. ಅಂದು ಅವರು ಚಪ್ಪಾಳೆ ತಟ್ಟಲಿಲ್ಲ.

“ಇದು ನಿಮ್ಮ ದನಿ. ಬ್ಯಾಡಂದ್ರ ಈಗೇ ಅಳಿಸಿಬಿಡ್ತೀನಿ.”

“ಅಳಿಸಿದ್ರ ನಾ ಕೂಗಿದ್ದು ಸುಳ್ಳಾಗ್ತದೇನ್ರಿ? ಮಂದಿಗಿ ಕೇಳಸ್ರಿ. ಆದ್ರ ನಾ ಇದ್ದಾಗ ಕೇಳಸ್ರಿ, ನನ್ನ ಹಿಂದ ಬ್ಯಾಡ.”

ಟ್ರಸ್ಟಿನಲ್ಲಿ ಮೇಡಂ ಅವರ ತಮ್ಮನೂ ಒಬ್ಬರು. ಸುದ್ದಿ ತಿಳಿದು ಪ್ರಯೋಗಾಲಯಕ್ಕೇ ಬಂದರು. “ಯಕ್ಕಾ, ಮನಿ ಮಾನ ಮಂದಿ ಮುಂದ ಕಳೀತಿಯೇನು? ಬೀಸೂ ಹಾಡು ಹಾಕು, ಸಾಕು.”

“ಮಾನ ಅವಾಗೇ ಹೋಗ್ಯಾದೋ. ನಮಗ ಕೇಳಿಸಿಲ್ಲ, ಅಷ್ಟ.”

ಕಾರ್ಯಕ್ರಮದ ದಿನ ಆಯಿಯನ್ನು ಮುಂದಿನ ಸಾಲಿನಲ್ಲಿ ಕೂರಿಸಿ, ಮೇಡಂ ತಾವೇ ಧ್ವನಿ ಹಚ್ಚಿದರು. ಅದು ಮುಗಿದ ಮೇಲೆ, “ಇದು ನಮ್ಮ ಮನಿ ಬಾವಿ. ಈ ತಾಯಿ ನೀರು ಬೇಡಾಕತ್ತಾಗ ನಾ ನಿದ್ದಿ ಮಾಡೀನಿ” ಎಂದಷ್ಟೇ ಹೇಳಿ ಕೈಮುಗಿದರು. ತಮ್ಮ ಎದ್ದು ಹೊರಟುಹೋದರು. ಚಪ್ಪಾಳೆ ಬರಲಿಲ್ಲ. ಆಯಿ ಮಾತ್ರ ನೆಟ್ಟಗೆ ಕುಳಿತು ಹಿಂದೆ ತಿರುಗಿ ಒಬ್ಬೊಬ್ಬರ ಮುಖವನ್ನೂ ನೋಡಿದಳು.

ತಿಂಗಳೊಪ್ಪತ್ತಿನಲ್ಲಿ ಟ್ರಸ್ಟು ಕೋಣೆಗಳನ್ನು ಹಿಂದಕ್ಕೆ ಕೇಳಿತು. ಯಂತ್ರಗಳು ಮೇಡಂ ಅವರ ಸ್ವಂತದವಾಗಿದ್ದರಿಂದ ಅವನ್ನು ನಮ್ಮ ಮನೆಯ ಪಡಸಾಲೆಗೆ ತಂದೆವು. ಆಮೇಲೆ ಅವರೇ ಬಸ್ಸು ಹತ್ತಿ ಕಮಲಾಪುರಕ್ಕೆ ಬರತೊಡಗಿದರು. ಓಣಿಯ ಹಳಬರನ್ನು, ಪಕ್ಕದ ಮಹಾಗಾಂವದ ಮುದುಕಿಯರನ್ನು ಕೂರಿಸಿಕೊಂಡು ಕೇಳಿದ್ದೇ ಕೇಳಿದ್ದು. ನಾನು ಧ್ವನಿಯ ನಡುವಿನ ಕೆಮ್ಮು, ಅಳು ತೆಗೆಯಹೋದರೆ ಕೈ ಹಿಡಿಯುತ್ತಿದ್ದರು: “ಚಂದ ಮಾಡಬ್ಯಾಡ. ಇದ್ದಂಗ ಇರಲಿ.”

ಹೀಗಿರುವಾಗ ಒಂದು ಬೆಳಿಗ್ಗೆ ಫೋನ್ ಬಂತು: ಮೇಡಂ ಇಲ್ಲ. ಹಿಂದಿನ ದಿನವಷ್ಟೇ ನಮ್ಮಲ್ಲಿ ರೊಟ್ಟಿ ಪುಂಡಿಪಲ್ಲೆ ಉಂಡು, ನಾಳೆ ಬರುತ್ತೇನೆಂದು ಹೋಗಿದ್ದರು. ಫೋನ್ ಮಾಡಿದವರಿಗೆ ನಾನು, “ಬ್ಯಾರೆ ಯಾರೋ ಇರಬೇಕು, ಸರಿಯಾಗಿ ನೋಡ್ರಿ” ಎಂದು ಗದರಿದೆ. ನಿದ್ದೆಯಲ್ಲೇ ಎದೆ ನಿಂತಿತ್ತಂತೆ.

ಅವರ ಹೊಲದಲ್ಲೇ ಮಣ್ಣು ಮಾಡುವುದಿತ್ತು. ನಾವು ಬದುವಿನ ಮೇಲೆ ನಿಂತಿದ್ದೆವು. ಯಾರೂ ಬಾ ಎನ್ನಲಿಲ್ಲ. ಆಯಿ ಕಾಯಲಿಲ್ಲ, ನನ್ನ ಕೈ ಬಿಟ್ಟು ನಡೆದಳು. ಜನ ಸರಿದು ದಾರಿ ಕೊಟ್ಟರು. ಕುಣಿಯ ಅಂಚಿಗೆ ಹೋಗಿ ಬೊಗಸೆ ತುಂಬ ಮಣ್ಣು ಎತ್ತಿ, ಎದುರಿಗಿದ್ದ ಮೇಡಂ ಅವರ ತಮ್ಮನನ್ನೇ ದಿಟ್ಟಿಸಿ, “ನನಗಿಂತ ಸಣ್ಣಾಕ್ರೀ ಈಕಿ, ನನಗಿಂತ ಮೊದಲ ಹ್ವಾದ್ಳು” ಎಂದಳು. ಅವರು ತಲೆ ತಗ್ಗಿಸಿದರು. ಆಯಿ ಮಣ್ಣು ಹಾಕಿದಳು.

ಹುಟ್ಟಿದಾಗಿನಿಂದ ಆಯಿಯ ಮಗ್ಗುಲಲ್ಲೇ ಮಲಗಿ ಬೆಳೆದವಳು ನಾನು. ಆಕೆ ಹಾಗೆ ಕೂಗಿ ಬದುಕಿದ್ದಳೆಂದು ನನಗೇ ಗೊತ್ತಿರಲಿಲ್ಲ. ನಾನು ಕೇಳಿಯೂ ಇರಲಿಲ್ಲ. ಈಗ ಆಕೆ ದಿನಾ ಏನಾದರೊಂದು ಹೇಳುತ್ತಾಳೆ. ನನ್ನ ಆಯಿಯನ್ನು ನನಗೆ ಕೇಳಿಸಿಕೊಟ್ಟವರ ಋಣ ಹೇಗೆ ತೀರಿಸಲಿ, ತಿಳಿಯುವುದಿಲ್ಲ.