ಹಿಂದೆ ನಿಂತವರ ಮರ್ಯಾದೆ ಕಾಯ್ದ ಸ್ವರ್ಣಲತಾ ಮೇಡಂ

ಹಂಪನಕಟ್ಟೆಯ ನಮ್ಮ ಬ್ಯಾಂಕ್ ಶಾಖೆಯಲ್ಲಿ ಮೂವತ್ತನಾಲ್ಕು ವರ್ಷ ದುಡಿದು ಈ ತಿಂಗಳು ನಿವೃತ್ತರಾಗುತ್ತಿರುವ ಶ್ರೀಮತಿ ಸ್ವರ್ಣಲತಾ ಅವರು, ಮೀನು ಮಾರುವ ಹೆಂಗಸರ ಕೈಗೆ ಎಟಿಎಂ ಕಾರ್ಡು ಕೊಡುವ ಮೊದಲು ಅದರ ಅಪಾಯವನ್ನು ಅವರ ಮಾತಿನಲ್ಲೇ ತಿಳಿಸಿಕೊಟ್ಟು ಗೌರವಕ್ಕೆ ಪಾತ್ರರಾದವರು. ಕಾರ್ಡು ತೂರಿಸುವ ಜಾಗವನ್ನು ಅಲ್ಲಾಡಿಸಿ ನೋಡಬೇಕು, ಸಡಿಲವಿದ್ದರೆ ಕಾರ್ಡಿನ ಗುಟ್ಟು ಕದಿಯುವ ಉಪಕರಣವನ್ನು ಯಾರೋ ಅಂಟಿಸಿರಬಹುದು. ಪಿನ್ ಒತ್ತುವಾಗ ಇನ್ನೊಂದು ಕೈಯನ್ನು ಮರೆಯಾಗಿ ಹಿಡಿಯಬೇಕು ಎಂದು ಪ್ರತಿಯೊಬ್ಬರಿಗೂ ಮಾಡಿ ತೋರಿಸುತ್ತಿದ್ದರು.

“ಎಂತ ಮೇಡಂ, ಮಕ್ಕಳ ಹಾಲುಹಲ್ಲು ಅಲ್ಲಾಡಿಸಿದ ಹಾಗೆಯಾ?” ಎಂದು ನನ್ನ ಅಜ್ಜಿ ದೇಯಿ ನಕ್ಕಿದ್ದರಂತೆ.

ಎಂಟು ವರ್ಷಗಳ ಹಿಂದೆ, ನಾನಿನ್ನೂ ಬಲ್ಮಠದ ಕಾಲೇಜಿನಲ್ಲಿದ್ದಾಗ, ಮಣ್ಣಗುಡ್ಡದ ಎಟಿಎಂ ಒಂದರಲ್ಲಿ ಅಜ್ಜಿಯ ಹಿಂದೆ ಪಕ್ಕದ ಮನೆಯ ಯತಿನ್ ನಿಂತಿದ್ದ. ನಮ್ಮಲ್ಲೇ ಉಂಡು ಬೆಳೆದವನು. ಅವನೆದುರು ಕೈ ಮುಚ್ಚಿದರೆ ಅವನನ್ನೇ ಕಳ್ಳನೆಂದಂತಾಗುತ್ತದೆಂದು ಅಜ್ಜಿ ಹಾಗೆಯೇ ಪಿನ್ ಒತ್ತಿದರು. ಎರಡು ದಿನದೊಳಗೆ, ಮೀನು ಮಾರಿ ಕೂಡಿಟ್ಟದ್ದೆಲ್ಲ ಖಾತೆಯಿಂದ ಹೋಗಿತ್ತು.

ಅಜ್ಜಿ ನನಗೆ ಹೇಳಿದ ಕತೆಗಳಲ್ಲೆಲ್ಲ ಕಳ್ಳನಿಗೊಂದು ಮುಖವಿರುತ್ತಿತ್ತು. ಆ ದಿನವೂ ಅವರು ಮುಖವನ್ನೇ ಹುಡುಕಿದರು. “ಹಿಂದೆ ಇದ್ದದ್ದು ಅವನೊಬ್ಬನೇ ಅಲ್ವಾ?” ಎಂದು ಬೀದಿಯಲ್ಲಿ ನಿಂತು ಹೇಳಿಬಿಟ್ಟರು. ಅದು ಯತಿನ್‌ನ ಕಿವಿಗೂ ಬಿತ್ತು.

ಅದೇ ದಿನ ದೂರು ಬರೆಸಿದ ಮೇಡಂ, ಯಂತ್ರದ ತಪಾಸಣೆ ಮುಗಿದೊಡನೆ ನಮ್ಮ ಮನೆಗೇ ಬಂದರು.

“ದೇಯಿಯಕ್ಕ, ನಿಮ್ಮ ಪಿನ್ ನೋಡಿದ್ದು ಯತಿನ್ ಅಲ್ಲ. ಕಾರ್ಡು ತೂರಿಸುವಲ್ಲಿ ಗುಟ್ಟು ಕದಿಯುವ ಉಪಕರಣ, ಒತ್ತುವ ಜಾಗದ ಮೇಲೆ ಸಣ್ಣ ಕ್ಯಾಮೆರಾ, ಎರಡನ್ನೂ ಯಾರೋ ಅಂಟಿಸಿದ್ದರು.”

ಅಜ್ಜಿ ಯತಿನ್‌ನ ಮನೆಯ ಕಡೆ ನೋಡಿದರು. “ನಾನು ಎಂತ ಹೇಳಿಬಿಟ್ಟೆ ಮಾರಾಯ್ತಿ.”

“ಕೈ ಮುಚ್ಚುವುದು ಅವಮಾನ ಅಲ್ಲ ಅಕ್ಕ. ಮುಚ್ಚಿದರೆ ಹಿಂದೆ ಇದ್ದವನ ಮೇಲೆ ಸಂಶಯ ಬರುವುದಿಲ್ಲ. ಏಳಿ, ಅವನ ಮನೆಗೆ ಹೋಗುವ.”

ಕೈ ಹಿಡಿದು ಕರೆದುಕೊಂಡು ಹೋದರು. ಯತಿನ್ ಅಂಗಳದಲ್ಲೇ ನಿಂತು, “ಇರಲಿ ಅಜ್ಜಿ, ಬಿಡಿ” ಎಂದ. ಕುಳಿತುಕೊಳ್ಳಿ ಎನ್ನಲಿಲ್ಲ.

ಮೇಡಂ ಓಡಾಡಿದ್ದರಿಂದ ಹಣವೆಲ್ಲ ಮರಳಿ ಬಂತು. ಯತಿನ್ ಮಾತ್ರ ನಮ್ಮ ಹೊಸ್ತಿಲು ದಾಟಲಿಲ್ಲ. ಪ್ರತಿ ಹಬ್ಬಕ್ಕೂ ಅಜ್ಜಿ ಅವನಿಗೊಂದು ಎಲೆ ಹಾಕಿಸಿ ಕಾಯುತ್ತಿದ್ದರು. ಕಳೆದ ವರ್ಷ ಅಜ್ಜಿ ತೀರಿಕೊಂಡಾಗ ಅವನು ಗೇಟಿನ ಹೊರಗೆ ನಿಂತಿದ್ದು, ಹಾಗೆಯೇ ಹೊರಟುಹೋದ.

ಇದೇ ಶಾಖೆಗೆ ಗುಮಾಸ್ತೆಯಾಗಿ ಸೇರಿದ ನನಗೆ ಕೆಲಸ ಕಲಿಸಿದವರೂ ಮೇಡಂ. ನಮ್ಮ ಮನೆಗೂ ಯತಿನ್‌ನ ಮನೆಗೂ ನಡುವೆ ಇಂದಿಗೂ ಹೋಗಿ ಬರುವವರು ಅವರೊಬ್ಬರೇ. ಆದ್ದರಿಂದ ಅವರ ಆಯುಷ್ಯ ದೀರ್ಘವಾಗಲಿ, ಮೊಣಕಾಲು ಗಟ್ಟಿಯಾಗಿರಲಿ, ಆ ನಡಿಗೆ ನಿಲ್ಲದಿರಲಿ ಎಂದು ಬೇಡಿಕೊಳ್ಳುತ್ತೇನೆ.