ಎರಡು ಅಂಗಡಿಗೆ ಒಂದೇ ಗೋಡೆ

ಸಕಲೇಶಪುರದ ಹಳೇ ಪೇಟೆಬೀದಿಯಲ್ಲಿ ಅಂಗಡಿ ಕಟ್ಟಿದವರು ಜಾಗದ ವಿಷಯದಲ್ಲಿ ಮಹಾ ಜಿಪುಣರು. ಎದುರಿಗೆ ಹತ್ತಡಿ ಅಗಲ, ಒಳಗೆ ಹೋದರೆ ರೈಲುಬೋಗಿಯ ಹಾಗೆ ಉದ್ದ. ಮುಂದೆ ಜಗಲಿ, ಹಲಗೆ ಬಾಗಿಲಿನ ಅಂಗಡಿ, ಅದರ ಹಿಂದೆ ಮನೆ, ಮೇಲೆ ಮೆಣಸು ಏಲಕ್ಕಿ ಮೂಟೆ ಇಡಲು ಅಟ್ಟ, ಕೊನೆಯಲ್ಲಿ ಬಾವಿ. ಎರಡು ಕಟ್ಟಡದ ನಡುವೆ ಎರಡು ಗೋಡೆ ಎಬ್ಬಿಸುವ ದುಂದುಗಾರಿಕೆ ಯಾರೂ ಮಾಡಲಿಲ್ಲ. ಒಂದೂವರೆ ಮೊಳ ದಪ್ಪದ ಒಂದೇ ಮಣ್ಣುಗೋಡೆ, ಇಬ್ಬರ ತೊಲೆಗಳೂ ಅದರ ಮೇಲೆ.

ನಮ್ಮ ಪುಸ್ತಕದಂಗಡಿಗೂ ಪಕ್ಕದ ಪಾತ್ರೆ ಅಂಗಡಿಗೂ ಇದ್ದದ್ದು ಅಂಥ ಗೋಡೆ. ಅಡುಗೆಮನೆಯ ಹತ್ತಿರ ಅದರಲ್ಲೊಂದು ಗೂಡು, ಆಚೆಯಿಂದ ಈಚೆಗೆ ಕೈ ತೂರುವಂಥದ್ದು, ಎರಡೂ ಕಡೆ ಪುಟ್ಟ ಬಾಗಿಲು. ಹಿಂದಿನವರು ಒಲೆಗೆ ಕೆಂಡ ದಾಟಿಸಲು ಬಿಟ್ಟುಕೊಂಡಿದ್ದಂತೆ. ನಮ್ಮ ಕಾಲಕ್ಕೆ ಸಾರು ದಾಟುತ್ತಿತ್ತು, ಕಡುಬು ದಾಟುತ್ತಿತ್ತು, ಬೈಗುಳವೂ ದಾಟುತ್ತಿತ್ತು.

ನಾನು ಮದುವೆಯಾಗಲಿಲ್ಲ. ಅಪ್ಪ ಅಮ್ಮ ಹೋದಮೇಲೆ ಆ ಉದ್ದದ ಮನೆಯಲ್ಲಿ ಒಬ್ಬಳೇ. ಪಾತ್ರೆ ಅಂಗಡಿಯ ಅಕ್ಕ, ಮಗ್ಗೆ ಊರಿನಿಂದ ಸೊಸೆಯಾಗಿ ಬಂದವರು, ದಿನಾ ಬೆಳಿಗ್ಗೆ ಗೂಡಿನ ಬಾಗಿಲು ಬಡಿದು, "ಎದ್ಯೇನೇ?" ಎನ್ನುತ್ತಿದ್ದರು.

"ಎದ್ದಿವ್ನಿ ಕಣಕ್ಕ, ಇನ್ನೂ ಸತ್ತಿಲ್ಲ" ಎಂದು ಸಿಡುಕುತ್ತಿದ್ದೆ. ಅವರು ಬೇಗ ಬಡಿದರೆ ನನಗೆ ರೇಗುತ್ತಿತ್ತು. ತಡವಾದರೆ ಇನ್ನೂ ರೇಗುತ್ತಿತ್ತು. ಇದ್ದಾಳೋ ಸತ್ತಳೋ ಎಂದು ನನ್ನನ್ನು ವಿಚಾರಿಸುತ್ತಿದ್ದವರು ಊರಿಗೆಲ್ಲ ಅವರೊಬ್ಬರೇ.

ಈ ಬೀದಿಯದೊಂದು ಮರ್ಯಾದೆ ಇದೆ. ಜಂಟಿ ಗೋಡೆಯನ್ನು ಯಾರೂ ನಮ್ಮದು ಅನ್ನುವುದಿಲ್ಲ. ಕ್ಯಾಲೆಂಡರಿಗೆ ಒಂದು ಮೊಳೆ ಹೊಡೆಯಬೇಕಾದರೂ ಪಕ್ಕದವರನ್ನು ಕೇಳಬೇಕು. ಅವರು, "ಗೋಡೆ ನಿಮ್ದೇ ಅಲ್ವಾ, ಹೊಡ್ಕಳಿ" ಅನ್ನಬೇಕು. ಅಪ್ಪ ಜೀವಮಾನವಿಡೀ ಹಾಗೇ ಅಂದರು. ಆಚೆಯವರೂ ಹಾಗೇ ಅಂದರು. "ನಮ್ಮ ಗೋಡೆ" ಎಂದು ಬಾಯಿ ಬಿಟ್ಟವರನ್ನು ಬೀದಿ ಜಗಳಗಂಟರ ಲೆಕ್ಕಕ್ಕೆ ಸೇರಿಸುತ್ತಿತ್ತು.

ಹೋದ ವರ್ಷ ಅಕ್ಕನ ಮಕ್ಕಳು ಅಂಗಡಿ ಕೆಡವಿ ಮೂರಂತಸ್ತಿನ ಕಾಂಪ್ಲೆಕ್ಸ್ ಕಟ್ಟಲು ಹೊರಟರು. ಅವರ ಇಂಜಿನಿಯರ್ ಟೇಪು ಹಿಡಿದು ನನ್ನ ಜಗಲಿಗೆ ಬಂದ.

"ಈ ಗೋಡೆ ಯಾರ್ದು ಮೇಡಂ? ಪೂರ್ತಿ ಅವರ್ದಾದ್ರೆ ಕೆಡವಿ, ನಿಮ್ ಕಡೆಗೆ ಹೊಸದು ಕಟ್ಕೊಡ್ತೀವಿ. ನಿಮ್ಗೂ ಪಾಲೈತೆ ಅಂದ್ರೆ ಮುಟ್ಟಲ್ಲ. ಅವರ ಒಳಗಡೆನೇ ಕಂಬ ಹಾಕ್ಕೊತೀವಿ."

ಗೋಡೆ ಹೋದರೆ ಗೂಡೂ ಹೋಯಿತು. ನನಗೂ ಪಾಲಿದೆ ಅನ್ನಬೇಕೆಂದೇ ಬಾಯಿ ತೆರೆದೆ. ಹಾಳಾದ ಅಭ್ಯಾಸ, ಹೊರಗೆ ಬಂದದ್ದೇ ಬೇರೆ. "ಅವರದೇ ಕಣ್ರೀ. ಮೊದ್ಲಿಂದಾನೂ ಅವರದೇ."

ಅವನು ಬರೆದುಕೊಂಡು ಹೋದ. ಅಕ್ಕನಾದರೂ ಬೇಡ ಅಂದಾರು ಎಂದು ವಾರಗಟ್ಟಲೆ ಕಾದೆ. ಅವರು ತುಟಿ ಪಿಟಕ್ಕೆನ್ನಲಿಲ್ಲ. ನಾನೂ ಬಿಗುಮಾನದಿಂದ ಕೇಳಲಿಲ್ಲ.

ನಮ್ಮ ತೊಲೆಗಳಿಗೆ ಆಸರೆ ಕೊಟ್ಟು ಗೋಡೆ ಕೆಡವಿದರು. ಅರ್ಧ ದಿನದ ಕೆಲಸ. ಈಗಿರುವುದು ಸಿಮೆಂಟಿನದು, ನುಣ್ಣಗಿದೆ, ಕಿವಿಯಿಟ್ಟರೂ ಏನೂ ಕೇಳುವುದಿಲ್ಲ. ಅಕ್ಕ ಎಲ್ಲಕ್ಕಿಂತ ಮೇಲಿನ ಮಹಡಿ ಸೇರಿದರು, ಮಂಡಿನೋವು, ಇಳಿಯಲಾರರು. ಬೆಳಿಗ್ಗೆ ಎದ್ದಮೇಲೆ ನನ್ನ ಮೊದಲ ಮಾತು ನೋಟ್‌ಬುಕ್ ಕೇಳಿಕೊಂಡು ಬರುವ ಗಿರಾಕಿಯ ಜೊತೆ. ಮಳೆ ಜೋರಾದ ದಿನ ಅದೂ ಇಲ್ಲ. ಹೇಳಿಕೊಳ್ಳಲು ನಾಚಿಕೆಯೇನು, ತುಂಬ ಒಂಟಿ ಅನ್ನಿಸುತ್ತದೆ. ಸಂಜೆ ಅಂಗಡಿಯ ಹಲಗೆಗಳನ್ನು ಒಂದೊಂದಾಗಿ ಹಾಕಿ ಒಳಗೆ ಹೋದರೆ ಮಾರನೇ ದಿನದವರೆಗೆ ನನ್ನ ಗಂಟಲಿಗೆ ಕೆಲಸವಿಲ್ಲ.

ಮೊನ್ನೆ ಮೆಟ್ಟಿಲು ಹತ್ತಿ ಅಕ್ಕನನ್ನು ನೋಡಲು ಹೋದೆ. ಅದೂ ಇದೂ ಮಾತಾಡುತ್ತಾ ಇದ್ದವಳು ಸಿಟ್ಟು ತಡೆಯಲಾರದೆ ಕೇಳಿಯೇಬಿಟ್ಟೆ. "ಗೋಡೆ ಕೆಡವಬೇಡಿ ಅಂತ ನೀವಾದ್ರೂ ಒಂದ್ ಮಾತು ಅನ್ಬೋದಿತ್ತಲ್ಲಕ್ಕ."

ಅಕ್ಕ ಮಂಡಿ ನೀವಿಕೊಳ್ಳುತ್ತಾ ನನ್ನ ಕಡೆ ತಿರುಗಿದರು.

"ನನ್ ಮಾತು ಮಕ್ಳು ಎಲ್ಲಿ ಕೇಳ್ತಾರೆ? ಗೋಡೇಲಿ ಅವ್ಳಿಗೂ ಪಾಲೈತೆ, ಹೋಗಿ ಕೇಳ್ಕೊಂಡ್ ಬಾ ಅಂತ ಆ ಇಂಜಿನಿಯರ್‌ನ ಕಳ್ಸಿದ್ದೇ ನಾನು ಕಣೇ. ಐತೆ ಅಂತ ಹೇಳೇ ಹೇಳ್ತೀಯ ಅಂತ ನಂಬ್ಕೊಂಡು ಕೂತಿದ್ದೆ. ಅಷ್ಟು ಹೇಳಕ್ಕೂ ಆಗ್ಲಿಲ್ವೇನೇ ನಿನ್ ಕೈಲಿ?"